ಯುದ್ಧ ಮುಗಿದ ಮಾರನೇ ದಿನ ಆಪ್ಟಿಮಸ್ ಪ್ರೈಮ್ ಏನು ಮಾಡ್ತಾನೆ? 19ನೇ ಪುಟದಲ್ಲಿ ಸಿಕ್ಕಿಹಾಕ್ಕೊಂಡಿದೀನಿ

ಮಸಿಕೈ (ತುಮಕೂರು):

ಎಲ್ಲರಿಗೂ ನಮಸ್ಕಾರ. ಹಗಲು ಹೊತ್ತು ನಂದು ಡಿಟಿಪಿ ಕೆಲಸ. ಮದುವೆ ಕಾರ್ಡು, ಗೃಹಪ್ರವೇಶದ ಕಾರ್ಡು, ಫ್ಲೆಕ್ಸು, ಎಲೆಕ್ಷನ್ ಬಂದ್ರೆ ಕರಪತ್ರ. ರಾತ್ರಿ ಊಟ ಆದ್ಮೇಲೆ ಹತ್ತರಿಂದ ಹನ್ನೆರಡರ ತನಕ ಸ್ವಂತ ಕೆಲಸ: ಟ್ರಾನ್ಸ್‌ಫಾರ್ಮರ್ಸ್ (ಗಾಡಿಯಾಗಿ ಬದಲಾಗೋ ರೋಬೋಟುಗಳ ಕಾರ್ಟೂನು) ಫ್ಯಾನ್ ಕಾಮಿಕ್ ಒಂದನ್ನ ಬಿಡಿಸ್ತಿದೀನಿ. ಎ5 ಸೈಜು, 24 ಪುಟ, ಕಪ್ಪು-ಬಿಳುಪು, ಜೆರಾಕ್ಸು, ಮಧ್ಯಕ್ಕೆ ಎರಡು ಪಿನ್ನು. ಮಾರೋಕಲ್ಲ, 50 ಕಾಪಿ ಮಾಡಿ ಗೊತ್ತಿರೋರಿಗೆ ಹಂಚೋದು.

ಕಥೆ ಇಷ್ಟೇ. ಲಾರಿಯಾಗೋ ಆಪ್ಟಿಮಸ್ ಪ್ರೈಮ್‌ನ ಆಟೋಬಾಟ್‌ಗಳಿಗೂ ಮೆಗಾಟ್ರಾನ್‌ನ ಡಿಸೆಪ್ಟಿಕಾನ್‌ಗಳಿಗೂ ನಡೀತಿದ್ದ ಯುದ್ಧ ಮುಗಿಯುತ್ತೆ. ಬಾಂಬು, ಸ್ಫೋಟ ಏನೂ ಇಲ್ಲ. 7ನೇ ಪುಟದಲ್ಲಿ ಮೆಗಾಟ್ರಾನ್ ತನ್ನ ತೋಳಿನ ತೋಪು ಬಿಚ್ಚಿ ನೆಲಕ್ಕಿಟ್ಟು "ಸಾಕಾಯ್ತು" ಅಂತಾನೆ. ಆಮೇಲೆ ಮಾತುಕತೆ, ಸಹಿ. 18ನೇ ಪುಟ ಇಡೀ ಒಂದೇ ಚಿತ್ರ: ಸೈಬರ್‌ಟ್ರಾನ್ ಗ್ರಹದ ಬೀದಿ ತುಂಬ ಜನ (ಜನ ಅಂದ್ರೆ ರೋಬೋಟುಗಳು), ಎತ್ತರದಲ್ಲಿ ಪ್ರೈಮ್ ಕೈ ಎತ್ತಿದಾನೆ. 19ನೇ ಪುಟ ಮಾರನೇ ಬೆಳಗ್ಗೆ. ಅಲ್ಲಿಂದ ಮುಂದೆ ಪೆನ್ ಏಳ್ತಾ ಇಲ್ಲ.

ಮೂರು ಸಲ ಬಿಡಿಸಿ ಹರಿದಿದೀನಿ. ಮೊದಲನೇದು, ಬಂಡೆ ಮೇಲೆ ಪ್ರೈಮ್, ಹಿಂದೆ ಸೂರ್ಯ. ಮುಗಿಸಿ ದೂರ ಹಿಡಿದು ನೋಡ್ತೀನಿ, ನಾನೇ ಅಂಗಡಿಯಲ್ಲಿ ಮಾಡೋ ಹುಟ್ಟುಹಬ್ಬದ ಫ್ಲೆಕ್ಸು! ಕೆಳಗಡೆ ಪಾಸ್‌ಪೋರ್ಟ್ ಸೈಜಿನ ಹದಿನಾರು ಹಿಂಬಾಲಕರ ತಲೆ, "ಶುಭ ಕೋರುವವರು" ಒಂದು ಬಾಕಿ. ನಾಯಕರ ಫ್ಲೆಕ್ಸ್ ಮಾಡಿ ಮಾಡಿ ಕೈ ಹಂಗೇ ಓಡುತ್ತೆ, ಏನ್ ಮಾಡೋದು. ಎರಡನೇದು, ಒಬ್ಬನೇ ತಲೆ ಮೇಲೆ ಕೈ ಹೊತ್ತು ಕೂತಿರೋದು. ಗೆಳೆಯ ನೋಡಿ "ಯಾಕೋ, ಕೊನೇ ಬಸ್ಸು ಮಿಸ್ಸಾಯ್ತಾ ಇವ್ನಿಗೆ?" ಅಂದ. ಮೂರನೇದು ಭಾಷಣ. ಎಂಟು ಬಲೂನು ಮಾತು, ಓದೋಕೆ ನನಗೇ ಆಗ್ಲಿಲ್ಲ.

ಟಿವಿಯಲ್ಲಿ ಈ ಯುದ್ಧ ಅಷ್ಟು ಸುಲಭಕ್ಕೆ ಮುಗಿಯೋದೇ ಇಲ್ಲ. ಮುಗಿದ್ರೆ ಮುಂದಿನ ವಾರ ಏನು ತೋರಿಸ್ತಾರೆ? ಅದಕ್ಕೇ ನನ್ನಂಥೋರು ಬಿಡಿಸೋ ಫ್ಯಾನ್ ಕಾಮಿಕ್‌ಗಳಲ್ಲಿ "ಮುಗಿದ ಮೇಲೆ" ಅನ್ನೋದು ಅಷ್ಟೊಂದು ಬರುತ್ತೆ ಅನ್ಸುತ್ತೆ. ಆದ್ರೆ ನಾನು ನೋಡಿದ್ದರಲ್ಲಿ ಮುಕ್ಕಾಲು ಪಾಲು ಪ್ರೈಮ್ ಅಳ್ತಾನೆ, ಇಲ್ಲಾ ಯಾರಾದ್ರೂ ಅವನಿಗೆ ಸಮಾಧಾನ ಹೇಳ್ತಾರೆ. ಗೆದ್ದವನ ದುಃಖ ಅಂದ್ರೆ ಅಷ್ಟೇನಾ? ಶಾಂತಿಗೆ ಕೊಟ್ಟ ಬೆಲೆ ಅವನ ಮುಖದಲ್ಲಿ ಕಾಣ್ಬೇಕಾ, ಬೇರೆ ಎಲ್ಲಾದ್ರೂ ಕಾಣ್ಬೇಕಾ? ಅಂದಹಾಗೆ ಅವನಿಗೆ ಬಾಯಿಗೆ ತಗಡಿನ ಮುಚ್ಚಳ ಬೇರೆ. ಮುಖದಲ್ಲಿ ಎರಡು ಕಣ್ಣು ಬಿಟ್ರೆ ನಂಗೆ ಸಿಗೋದು ಏನೂ ಇಲ್ಲ.

18 ಪುಟದ ಫೋಟೋ ಹಾಕಿದೀನಿ. ಬೈಯೋದಿದ್ರೂ ಬೈಯಿರಿ.

---

ಗುಜರಿ ಅಂಗಡಿ (ಬೆಂಗಳೂರು):

7ನೇ ಪುಟ ಚೆನ್ನಾಗಿದೆ ಗುರುವೇ. ತೋಪು ಇಟ್ಟಾದ್ಮೇಲೆ ಮೆಗಾಟ್ರಾನ್ ಬಲಗೈ ಹಗುರ ಆಗಿ ಸ್ವಲ್ಪ ಮೇಲಕ್ಕೆ ಬಂದಿದೆಯಲ್ಲ, ಅದನ್ನ ಬೇಕಂತ ಮಾಡಿದ್ದೋ ತಪ್ಪಾಗಿ ಬಂದಿದ್ದೋ ಗೊತ್ತಿಲ್ಲ, ಹಂಗೇ ಇರ್ಲಿ.

ನಿಮ್ಮ ಪ್ರಶ್ನೆಗೆ ಬರ್ತೀನಿ. ಪ್ರೈಮ್‌ನ ದೇವರು ಮಾಡಿದ್ದು 1986ರ ಸಿನಿಮಾ. ಶುರುವಾಗಿ ಅರ್ಧ ಗಂಟೆಯೊಳಗೆ ಸಾಯ್ತಾನೆ, ಮೈ ಬಣ್ಣ ಎಲ್ಲಾ ಇಳಿದು ಬೂದಿ ಆಗುತ್ತೆ. ಕಾರಣ ಕಥೆದಲ್ಲ, ಅಂಗಡಿದು. ಹಳೇ ಬೊಂಬೆ ಕಪಾಟಿಂದ ಇಳಿಸಿ ಹೊಸಾವನ್ನ ಇಡಬೇಕಿತ್ತು, ಅದಕ್ಕೆ ಅವನ ಕಡೆಯ ಐರನ್‌ಹೈಡ್, ರ‍್ಯಾಚೆಟ್, ಪ್ರೌಲ್ ಎಲ್ಲರನ್ನೂ ಒಂದೇ ಹಡಗಲ್ಲಿ ಮುಗಿಸಿಬಿಟ್ರು. ಮಕ್ಕಳು ರಂಪ ಮಾಡಿದ್ಮೇಲೆ 1987ರಲ್ಲಿ ಪ್ರೈಮ್ ಒಬ್ಬನನ್ನ ವಾಪಸ್ ಎಬ್ಬಿಸಿದ್ರು. ಐರನ್‌ಹೈಡ್‌ಗೆ ಆ ಭಾಗ್ಯ ಇರ್ಲಿಲ್ಲ. ನಾಯಕ ಸತ್ರೆ ಅಳು, ಜೊತೆಯವರು ಸತ್ರೆ ಸ್ಟಾಕ್ ಕ್ಲಿಯರೆನ್ಸು.

ಆದ್ರೆ ನೀವು ಹುಡುಕ್ತಿರೋದು ಅದರಲ್ಲಿಲ್ಲ, ಮಾರ್ವೆಲ್‌ನವರ ಕಾಮಿಕ್ಕಿನ 24ನೇ ಸಂಚಿಕೆಯಲ್ಲಿದೆ. ಫ್ಯಾನ್‌ಗಳು ಇವತ್ತಿಗೂ ಅದನ್ನ ಗೇಲಿ ಮಾಡ್ತಾರೆ. ಪ್ರೈಮ್ ಮತ್ತು ಮೆಗಾಟ್ರಾನ್ ಒಂದು ವಿಡಿಯೋ ಗೇಮ್ ಒಳಗೆ ಕಾದಾಡ್ತಾರೆ. ಸೋತವನನ್ನ ಸ್ಫೋಟಿಸಬೇಕು ಅಂತ ಒಪ್ಪಂದ. ಪ್ರೈಮ್ ಗೆಲ್ತಾನೆ. ಆದ್ರೆ ಗೆಲ್ಲೋ ಹೊತ್ತಲ್ಲಿ ಆ ಆಟದೊಳಗಿನ ಅಮಾಯಕ ಪಾತ್ರಗಳು ಸಾಯ್ತಾವೆ. ನಿಜವಾದ ಜೀವ ಅಲ್ಲ, ಬರೀ ಪ್ರೋಗ್ರಾಮು. ಹೊರಗೆ ಬಂದು ಪ್ರೈಮ್ ಹೇಳೋದು: ನಾನು ಮೋಸ ಮಾಡಿ ಗೆದ್ದೆ, ನನ್ನನ್ನ ಸ್ಫೋಟಿಸಿ. ಗೇಮ್ ಬರೆದ ಹುಡುಗ ಗುಂಡಿ ಒತ್ತುತ್ತಾನೆ, ನಾಯಕ ಚೂರುಚೂರು.

ಹತ್ತು ವರ್ಷದ ಹಿಂದೆ ಓದ್ದಾಗ ನಾನೂ ನಕ್ಕಿದ್ದೆ. ಈಗ ಅದಕ್ಕಿಂತ ದೊಡ್ಡ ಪ್ರೈಮ್ ಕಥೆ ಇಲ್ಲ ಅನ್ಸುತ್ತೆ. "ಯಾರೂ ಲೆಕ್ಕಕ್ಕೆ ತಗೊಳ್ಳದವರು" ಸತ್ರು ಅಂತ ಲೆಕ್ಕ ಇಟ್ಟವನು ಅವನೊಬ್ಬನೇ. ಸರಿ, ಅವನ ಕಡೆಯವರಿಗೆ ಏನಾಯ್ತು ಅಂತ ಕೇಳಿ! ನಾಯಕ ಇಲ್ದೆ ಬೀದಿಗೆ ಬಿದ್ರು. ನ್ಯಾಯ ಮಾಡ್ದೆ ಅಂತ ಇವನು ಹೋದ, ಬಿಲ್ ಕಟ್ಟಿದವರು ಬೇರೆ.

ಇನ್ನೊಂದು, ಐಡಿಡಬ್ಲ್ಯೂ ಅನ್ನೋ ಪ್ರಕಾಶನದವರ ಕಾಮಿಕ್‌ಗಳು. 2011ರ ಕೊನೆಗೆ ಅಲ್ಲಿ ನಿಜವಾಗ್ಲೂ ಯುದ್ಧ ಮುಗಿಯುತ್ತೆ, ನಲವತ್ತು ಲಕ್ಷ ವರ್ಷದ ಯುದ್ಧ. ಆಗ ಯಾವ ಕಡೆಗೂ ಸೇರದೆ ಗ್ರಹ ಬಿಟ್ಟು ಓಡಿಹೋಗಿದ್ದ ಸಾಮಾನ್ಯರು ವಾಪಸ್ ಬರ್ತಾರೆ. ಬಂದವರು ಹಾರ ಹಾಕಲ್ಲ. ನಮ್ಮ ಮನೆ ಹಾಳು ಮಾಡಿದ್ದು ನೀವಿಬ್ರೂ, ನಮಗೆ ಆಟೋಬಾಟೂ ಬೇಡ ಡಿಸೆಪ್ಟಿಕಾನೂ ಬೇಡ ಅಂತಾರೆ. ಪ್ರೈಮ್ ತನ್ನ ಪದವಿ ಬಿಟ್ಟು, ಹಳೇ ಹೆಸರು ಓರಿಯನ್ ಪ್ಯಾಕ್ಸ್ ಅಂತ ಇಟ್ಕೊಂಡು ಗ್ರಹ ಬಿಟ್ಟು ಹೋಗ್ತಾನೆ. ಎಷ್ಟು ದೊಡ್ಡ ಮನುಷ್ಯ ಅಂದ್ಕೋಬೇಡಿ. 2016ರಲ್ಲಿ ಇದೇ ಪುಣ್ಯಾತ್ಮ, ರಕ್ಷಣೆಗೆ ಅಂತ ಹೇಳಿ, ಭೂಮಿಯವರನ್ನ ಕೇಳದೆ ಭೂಮಿಯನ್ನೇ ತಮ್ಮ ಒಕ್ಕೂಟಕ್ಕೆ ಸೇರಿಸ್ಕೊಳ್ತಾನೆ.

ಆ ಐಡಿಡಬ್ಲ್ಯೂ ಕಥೆಗಳ ಒಬ್ಬ ಮುಖ್ಯ ಲೇಖಕ ಜೇಮ್ಸ್ ರಾಬರ್ಟ್ಸ್ ಮೊದಲು ಇಂಗ್ಲೆಂಡಿನ ಫ್ಯಾನ್ ಕ್ಲಬ್ಬಿನವರು. 2001ರಲ್ಲಿ ತಾವೇ ಅಚ್ಚು ಹಾಕಿಸಿ ಫ್ಯಾನ್ ಕಾದಂಬರಿ ತಂದವರು. ಹಾಗಾಗಿ ನಿಮ್ಮ ಜೆರಾಕ್ಸ್ ಪುಸ್ತಕಕ್ಕೂ ವಂಶಾವಳಿ ಇದೆ, ಹೆದರಬೇಡಿ.

18ನೇ ಪುಟದ ಬಗ್ಗೆ ನಂದು ಒಂದು ತಕರಾರು. ಆ ಬೀದಿಯಲ್ಲಿ ಎಲ್ಲರೂ ಕೈ ಎತ್ತಿದಾರೆ. ಒಬ್ಬನಾದ್ರೂ ಸುಮ್ನೆ ನಿಂತಿರ್ಬೇಕಲ್ವಾ?

---

ನೇರಮಾತು:

ಬೊಂಬೆ ಮಾರೋಕೆ ಮಾಡಿದ ಜಾಹೀರಾತಿಗೆ ಇಷ್ಟು ತತ್ವಜ್ಞಾನ ಯಾಕ್ರೀ? ಲಾರಿ ಎದ್ದು ನಿಂತು ಗುದ್ದುತ್ತೆ, ಮುಗೀತು. ಕನ್ನಡದಲ್ಲಿ ಸ್ವಂತ ಪಾತ್ರ ಹುಟ್ಟಿಸಿ, ಅದು ಬಿಟ್ಟು ಅಮೆರಿಕ ಜಪಾನಿನ ಪ್ಲಾಸ್ಟಿಕ್ಕಿಗೆ ಎಣ್ಣೆ ಸುರೀತೀರಲ್ಲ.

---

ಮಸಿಕೈ:

@ನೇರಮಾತು: ಜಾಹೀರಾತೇ ಹೌದು ಸರ್, ನಾನೆಲ್ಲಿ ಇಲ್ಲ ಅಂದೆ. ಜಾಹೀರಾತು ಮಾಡೋದೇ ನನ್ನ ಹೊಟ್ಟೆಪಾಡು, ಅದರಲ್ಲಿ ಆಗಾಗ ನಿಜ ಸಿಕ್ಕಿಬೀಳುತ್ತೆ ಅಂತಾನೂ ಗೊತ್ತು. ಪ್ರೈಮ್‌ಗೆ ಧ್ವನಿ ಕೊಟ್ಟ ಪೀಟರ್ ಕಲನ್ ಅವರು ಹೇಳಿದಾರೆ: ಆಡಿಷನ್‌ಗೆ ಹೊರಟಾಗ, ವಿಯೆಟ್ನಾಂ ಯುದ್ಧ ಮಾಡಿ ಬಂದಿದ್ದ ಅವರ ಅಣ್ಣ, ಹೀರೋ ಅಂದ್ರೆ ಕೂಗಾಡೋನಲ್ಲ, ಮೆತ್ತಗಿರೋಕೆ ಬೇಕಾದಷ್ಟು ಗಟ್ಟಿ ಇರೋನು ಅನ್ನೋ ಅರ್ಥದಲ್ಲಿ ಬುದ್ಧಿ ಹೇಳಿದ್ರಂತೆ. ಆ ಲಾರಿ ಅಷ್ಟು ನಿಧಾನಕ್ಕೆ ಮಾತಾಡೋದು ಅಲ್ಲಿಂದ. ಸ್ವಂತ ಪಾತ್ರದ ಮಾತು ಸರಿ, ಅದಕ್ಕೂ ಕೈ ಹಾಕ್ತೀನಿ. ಇದು ಮೊದಲು ಮುಗೀಲಿ.

@ಗುಜರಿ ಅಂಗಡಿ: ಕೈ ಹಗುರ ಆಗಿದ್ದು ತಪ್ಪಾಗಿ ಬಂದಿದ್ದು, ಈಗ ಬೇಕಂತ ಮಾಡಿದ್ದು ಅಂತ ಹೇಳ್ಕೊಂಡು ತಿರುಗ್ತೀನಿ. ಬಣ್ಣ ಇಳಿಯೋ ವಿಷಯ ಎತ್ತಿದ್ರಿ ನೋಡಿ, ಅದು ನಂಗೆ ತಲೆನೋವು. ಕಪ್ಪು-ಬಿಳುಪಲ್ಲಿ ಎಲ್ಲರೂ ಮೊದಲೇ ಸತ್ತವರ ಥರ ಕಾಣ್ತಾರೆ. ಬದುಕಿರೋರಿಗೆ ಮೈ ತುಂಬ ಸಣ್ಣ ಚುಕ್ಕಿ, ಸತ್ತವರಿಗೆ ಖಾಲಿ ಬಿಳಿ ಅಂತ ಮಾಡ್ಕೊಂಡಿದೀನಿ. ಚುಕ್ಕಿ ಇಡೋಕೆ ಒಂದು ಪುಟಕ್ಕೆ ಎರಡು ರಾತ್ರಿ.

---

ಧಾರವಾಡದ ಟೀಚರ್:

ನಿಮ್ಮ ಲಾರಿ ರೋಬೋಟಿನ ಬಗ್ಗೆ ನನಗ ಒಂದೂ ಗೊತ್ತಿಲ್ರಿ. ಮಗಳು ಲಿಂಕ್ ಕಳಿಸಿದ್ಲು, "ಅವ್ವ, ಇದು ನಿನ್ನ ವಿಷಯ ಐತಿ ನೋಡು" ಅಂತ. ಮೂವತ್ತು ವರ್ಷ ಹೈಸ್ಕೂಲಿನ್ಯಾಗ ಕನ್ನಡ ಕಲಿಸೀನಿ, ಈಗ ರಿಟೈರ್.

ನೇರಮಾತು ಅನ್ನೋ ಸರಗೆ ಮೊದಲ ಒಂದು ಮಾತು. ಬ್ಯಾರೆಯವರ ಪಾತ್ರ ತಗೊಂಡು ತಮಗ ಬೇಕಾದಂಗ ಕಥಿ ತಿರುವೂದು ನಮ್ಮಲ್ಲಿ ಹೊಸಾದಲ್ರಿ. ಪಂಪ 941ರಾಗ ವ್ಯಾಸರ ಕಥಿ ತಗೊಂಡು, ತನ್ನ ಅರಸ ಅರಿಕೇಸರಿ ಸಲುವಾಗಿ ಅರ್ಜುನಗ ಪಟ್ಟಾ ಕಟ್ಟಿಸಿಬಿಟ್ಟ, ಧರ್ಮರಾಯನ ಬಾಜೂಕ ಸರಿಸಿ. ಅದೇನು ಪ್ಲಾಸ್ಟಿಕ್ಕೇನು?

ಈಗ ನಿಮ್ಮ 19ನೇ ಪುಟ. ಯುದ್ಧ ಮುಗದ ಮ್ಯಾಲಿನ ಕಥಿ ಕೇಳಾಕ ಯಾರಿಗೂ ಮನಸಿರಂಗಿಲ್ರಿ. ಕುಮಾರವ್ಯಾಸನೂ ಗದಾಪರ್ವ ಮುಗಿಸಿ ಹತ್ತು ಪರ್ವಕ್ಕ ಲೇಖನಿ ಇಟ್ಟ. ಶಾಂತಿಪರ್ವದಿಂದ ಮುಂದಿಂದು ತಿಮ್ಮಣ್ಣ ಕವಿ, ಕೃಷ್ಣದೇವರಾಯನ ಕಾಲದಾಗ, ಬರದು ಮುಗಿಸಬೇಕಾತು. ನಮ್ಮಪ್ಪಾರು ಗಮಕ ಓದತಿದ್ರು. ಮಳಿ ಹೋದ ವರ್ಷ ಊರ ಗುಡಿಯೊಳಗ ವಿರಾಟಪರ್ವ ಓದಿಸೂದಿತ್ತು, ಮಂದಿ ಕಂಬಳಿ ಹಾಸಿಕೊಂಡು ಕುಂದರತಿದ್ರು. ತಿಮ್ಮಣ್ಣನ ಶಾಂತಿಪರ್ವ ಓದಸ್ರೀ ಅಂತ ಯಾರರೆ ಕರಿಯಾಕ ಬಂದದ್ದು ನಾ ಒಮ್ಮೆನೂ ನೋಡಿಲ್ಲ.

ವ್ಯಾಸಭಾರತದ ಸ್ತ್ರೀಪರ್ವದಾಗ ಒಂದು ಜಾಗಾ ಐತಿ. ಧೃತರಾಷ್ಟ್ರ ಧರ್ಮರಾಯನ ಕೇಳ್ತಾನ: ಎಷ್ಟು ಮಂದಿ ಸತ್ರು, ನಿನಗ ಗೊತ್ತಿದ್ರ ಹೇಳು. ಧರ್ಮರಾಯ ಅಳಂಗಿಲ್ಲ, ತತ್ವ ಹೇಳಂಗಿಲ್ಲ. ಲೆಕ್ಕಾ ಹೇಳ್ತಾನ. 166 ಕೋಟಿ 20 ಸಾವಿರ ಸತ್ತಾರ. ಕಾಣೆಯಾದವರು 24,165. ಕಡೀ ಐದರ ತನಕ ಹೇಳ್ತಾನ್ರಿ! ಸಂಖ್ಯಾ ಖರೇನೋ ಸುಳ್ಳೋ ಬಿಡ್ರಿ, ಅಷ್ಟು ಮಂದಿ ಆ ಬಯಲಾಗ ಹಿಡಸತಿದ್ರೇನು. ಆದ್ರ ಗೆದ್ದ ಅರಸ ಕಾಣೆಯಾದವರ ಪಟ್ಟಿನೂ ಬಾಯಾಗ ಇಟಗೊಂಡಾನ. ಕ್ಲಾಸಿನ್ಯಾಗ ಇದನ್ನ ಹೇಳಿದಾಗ ಒಬ್ಬ ಹುಡುಗ ಎದ್ದು ನಿಂತು, "ಟೀಚರ್, ಎಣಿಸಿದವರು ಯಾರ್ರಿ?" ಅಂದಿದ್ದ. ಉತ್ತರ ನನ್ನ ಕಡೆ ಇರಲಿಲ್ಲ.

ಅದರ ಮುಂದಿಂದು ಕೇಳ್ರಿ. ಸುಡಾಕ ಧರ್ಮರಾಯ ವಿದುರ, ಸಂಜಯ, ಧೌಮ್ಯ ಇವರಿಗೆಲ್ಲ ಹೇಳ್ತಾನ. ದಿಕ್ಕಿಲ್ಲದವರ ಹೆಣಾನೂ ಬಿಡಬ್ಯಾಡ್ರಿ ಅಂತಾನ. ಗಂಧ, ತುಪ್ಪ ತರ್ತಾರ. ಕಟಗಿ ಎಲ್ಲಿಂದ? ಮುರದ ರಥಗಳನ್ನ ಒಟ್ಟಿ ಚಿತಾ ಮಾಡ್ತಾರ. ದೂರದ ದೇಶದಿಂದ ಬಂದು ಸತ್ತವರನ್ನ, ಯಾರ ಮಗ ಅಂತ ಗೊತ್ತಿಲ್ಲದವರನ್ನ, ಸಾವಿರಗಟ್ಟಲೆ ಒಂದ ಕಡೆ ಒಟ್ಟಿ ಸುಡ್ತಾರ.

ನಿಮ್ಮ ಕಥಿಯೊಳಗ ಸತ್ತ ರೋಬೋಟುಗಳೇ ರಥಾನೂ, ಹೆಣಾನೂ ಅಲ್ರಿ? ಇದು ತಲಿಗೆ ಹೊಳದು ಮುಂಜಾನೆ ಚಾ ಆರಿ ಹೋತು ನೋಡ್ರಿ.

ಕಡೀ ಮಾತು. 11ನೇ ಪುಟದ ಕೆಳಗ, ಎಡಗಡೆ ಮೂಲ್ಯಾಗ, ಒಂದು ಸಣ್ಣ ಕ್ರೇನಿನ ಗಾಡಿ ನಿಂತೈತಿ. ಎಲ್ಲಾರೂ ಸಹಿ ಮಾಡೂದನ್ನ ನೋಡಾಕತ್ತಾರ, ಅದು ಆ ಕಡೆ ಮಾರಿ ಮಾಡೇತಿ. ಅದು ಯಾರು?

---

ಮಸಿಕೈ:

ಟೀಚರ್, ನಿಜ ಹೇಳ್ಬಿಡ್ತೀನಿ. ಅದು ಯಾರೂ ಅಲ್ಲ. ಮೂಲೆ ಖಾಲಿ ಕಾಣ್ತಿತ್ತು ಅಂತ, ನಮ್ಮ ಅಂಗಡಿ ಎದುರಿಗೆ ಕೆಟ್ಟ ಗಾಡಿ ಎಳ್ಕೊಂಡು ಹೋಗೋ ಟೋಯಿಂಗ್ ಗಾಡಿ ನಿಂತಿರುತ್ತಲ್ಲ, ಅದನ್ನ ನೋಡಿ ಗೀಚಿದ್ದೆ. ಹೆಸರೂ ಇಟ್ಟಿರ್ಲಿಲ್ಲ.

ನಿಮ್ಮ ಪೋಸ್ಟ್ ಓದಿದ ರಾತ್ರಿ ಏನೂ ಬಿಡಿಸ್ಲಿಲ್ಲ. ಮಾರನೇ ದಿನ ಅಂಗಡಿಯಲ್ಲಿ ಒಂದು ತಿಥಿ ಕಾರ್ಡು ಸೆಟ್ ಮಾಡ್ತಿದ್ದಾಗ ಹೊಳೀತು. ಪ್ರೈಮ್‌ಗೆ ಒಂದು ಟ್ರೇಲರ್ ಇದೆ. ಹಳೇ ಕಾರ್ಟೂನಲ್ಲಿ ಅವನು ಲಾರಿಯಿಂದ ರೋಬೋಟ್ ಆಗೋ ಹೊತ್ತಿಗೆ ಅದು ಪಕ್ಕಕ್ಕೆ ಉರುಳ್ಕೊಂಡು ಹೋಗಿ ಮಾಯ ಆಗುತ್ತೆ, ಮತ್ತೆ ಲಾರಿ ಆದಾಗ ಎಲ್ಲಿಂದಲೋ ಬಂದು ಸೇರ್ಕೊಳ್ಳುತ್ತೆ. ಎಲ್ಲಿಗೆ ಹೋಗುತ್ತೆ ಅಂತ ನಾವು ಹುಡುಗರಿದ್ದಾಗಿಂದ ಜೋಕು ಮಾಡಿದೀವಿ. 19ನೇ ಪುಟದಲ್ಲಿ ಆ ಟ್ರೇಲರ್ ವಾಪಸ್ ಬಂದಿದೆ. ಬಾಗಿಲು ತೆಗೆದಿದೆ. ಒಳಗೆ ಚುಕ್ಕಿ ಇಲ್ಲದ ಮೈಗಳು. ಕ್ರೇನ್ ಗಾಡಿ ಒಬ್ಬೊಬ್ಬರನ್ನೇ ಎತ್ತಿ ಇಡ್ತಿದೆ, ಪ್ರೈಮ್ ಲಾರಿ ರೂಪದಲ್ಲೇ ಇದಾನೆ, ಬೆನ್ನು ನಮ್ಮ ಕಡೆ. ಮುಖದ ತಾಪತ್ರಯವೇ ಇಲ್ಲ. ಒಂದೇ ಬಲೂನು, ಅದೂ ಕ್ರೇನಿಂದು: "ಇವರ ಹೆಸರು?" ಪ್ರೈಮ್ ಹೆಸರು ಹೇಳ್ತಾನೆ. ಮುಂದಿನ ಚೌಕದಲ್ಲಿ ಇನ್ನೊಬ್ಬರು, ಮತ್ತೆ ಅದೇ ಪ್ರಶ್ನೆ. ಪ್ರೈಮ್‌ಗೆ ಗೊತ್ತಿಲ್ಲ. ಆ ಚೌಕದಲ್ಲಿ ಬಲೂನು ಬಿಡಿಸಿದೀನಿ, ಒಳಗೆ ಏನೂ ಬರ್ದಿಲ್ಲ.

ಈಗ ತೊಂದರೆ ಶುರು. ಟ್ರೇಲರ್ ಉದ್ದ, ಎ5 ಪುಟದ ಅಗಲಕ್ಕೆ ಹಿಡಿಸಲ್ಲ. 19 ಬಲಗಡೆ ಪುಟ, ಎದುರಿಗೆ ಎಡಕ್ಕೆ 18. ಎರಡಕ್ಕೂ ಹರಡಿ ಬಿಡಿಸಿದ್ರೆ ಸರಿಹೋಗುತ್ತೆ, ಅಂದ್ರೆ ಆ ಕೈ ಎತ್ತಿರೋ ಮೆರವಣಿಗೆ ಪುಟ ಹೋಗ್ಬೇಕು. (@ಗುಜರಿ ಅಂಗಡಿ, ನಿಮ್ಮ ತಕರಾರು ಹಿಂಗೆ ಇತ್ಯರ್ಥ ಆಯ್ತು.) ಆದ್ರೆ ನಾನು ಆತುರಗೇಡಿ, 18 ಇರೋ ಹಾಳೆಯನ್ನ ಆಗಲೇ 50 ಜೆರಾಕ್ಸ್ ಮಾಡಿಸಿಟ್ಟಿದ್ದೆ. 24 ಪುಟದ ಪುಸ್ತಕದಲ್ಲಿ 18ರ ಪಕ್ಕ ಕೂರೋದು 7, ಅದರ ಬೆನ್ನಿಗೆ 8 ಮತ್ತು 17. ಮೆಗಾಟ್ರಾನ್ ತೋಪು ಇಡೋ ಪುಟಾನೂ ಸೇರಿ ಅಷ್ಟೂ ಮತ್ತೆ ಹೊಡಿಸ್ಬೇಕು. ಎರಡೂ ಕಡೆ ಅಚ್ಚಾಗಿರೋದ್ರಿಂದ ಹಳೇ 50 ಹಾಳೆ ರಫ್‌ಗೂ ಬರಲ್ಲ. ಮನೆಯಲ್ಲಿ ಹೇಳಿಲ್ಲ.

ಇನ್ನೊಂದು, 18 ಮತ್ತು 19 ಬೇರೆಬೇರೆ ಹಾಳೆ. ಮಡಿಸಿ ಪಿನ್ ಹೊಡೆದಾಗ ಗೆರೆ ಎರಡು ಮಿಲಿಮೀಟರ್ ಆಚೀಚೆ ಆಗುತ್ತೆ, ಟ್ರೇಲರ್ ಮಧ್ಯಕ್ಕೆ ಮುರಿದ ಹಾಗೆ ಕಾಣುತ್ತೆ. ಯಾರಾದ್ರೂ ಇದಕ್ಕೆ ದಾರಿ ಕಂಡ್ಕೊಂಡಿದೀರಾ?

---

ಗುಜರಿ ಅಂಗಡಿ:

ಮಡಿಕೆ ಜಾಗದಲ್ಲಿ ಟ್ರೇಲರ್‌ನ ಒಂದು ಜೋಡಣೆ ಪಟ್ಟಿ ದಪ್ಪಗೆ ಬಿಡಿಸಿ, ಎರಡೂ ಪುಟದ ಅಂಚಿಗೆ ಐದೈದು ಮಿಲಿಮೀಟರ್ ಕಪ್ಪು. ಎರಡು ಮಿಲಿಮೀಟರ್ ಅದರಲ್ಲಿ ಮುಚ್ಚಿಹೋಗುತ್ತೆ. ಮತ್ತೆ ರೋಲರ್‌ನ ಮರೀಬೇಡಿ: ಆರು ಚಕ್ರದ ಸಣ್ಣ ಗಾಡಿ, 1984ರ ಬೊಂಬೆಯಲ್ಲಿ ಟ್ರೇಲರ್ ಒಳಗೇ ಇರ್ತಿತ್ತು. ಅಷ್ಟು ಮೈಗಳನ್ನ ಒಳಗೆ ತುಂಬಬೇಕಾದ್ರೆ ಅದು ಹೊರಗೆ ಬಂದು ಎಲ್ಲೋ ನಿಂತಿರ್ಬೇಕು.

---

ಧಾರವಾಡದ ಟೀಚರ್:

ಆ ಖಾಲಿ ಬಲೂನು ಹಂಗ ಇರಲಿ, ಯಾರು ಏನಂದ್ರೂ ತುಂಬಬ್ಯಾಡ್ರಿ. ಕ್ರೇನಿಗೆ ಹೆಸರು ಇಟ್ರೇನು?

---

ಮಸಿಕೈ:

ಇಟ್ಟೆ ಟೀಚರ್. ಕೊಕ್ಕೆ. ರೋಲರ್‌ನ 18ರ ಎಡ ತುದಿಗೆ ನಿಲ್ಲಿಸಿದೀನಿ. ಇನ್ನು ಚುಕ್ಕಿ ಇಡೋದು ಬಾಕಿ, ಪ್ರೈಮ್ ಮತ್ತು ಕೊಕ್ಕೆ ಇಬ್ಬರಿಗೆ ಮಾತ್ರ. ಈ ಸಲ ಒಂದೇ ರಾತ್ರಿ ಸಾಕು.